ಅಂಬಲಿಯಿಂದ ಸ್ಮೂದಿಯವರೆಗೆ: ಚಳಿಗಾಲದ ಒಂದು ಲೋಟದ ಚರಿತ್ರೆ

ಡಿಸೆಂಬರ್ ಬಂತೆಂದರೆ ನಮ್ಮ ಮನೆಯ ಮಿಕ್ಸಿಗೆ ಬಿಡುವಿರುವುದಿಲ್ಲ. ತೆಳ್ಳಗೆ ಕಾಯಿಸಿದ ರಾಗಿ ಗಂಜಿ ಸ್ವಲ್ಪ ಆರಿದ ಮೇಲೆ ಅದಕ್ಕೆ ಕಾಲಕ್ಕೆ ತಕ್ಕ ಒಂದು ಹಣ್ಣು, ಒಂದು ಹಿಡಿ ಹುರಿದ ಕಡಲೆಕಾಯಿ ಬೀಜ ಅಥವಾ ಎರಡು ಚಮಚ ಎಳ್ಳು, ಒಂದು ಚೂರು ಬೆಲ್ಲ, ಕುಟ್ಟಿದ ಕಾಳುಮೆಣಸು ಹಾಕಿ ತಿರುಗಿಸಿದರೆ ಇಬ್ಬರಿಗೆ ಸಾಕಾಗುವಷ್ಟು ಪಾನೀಯ ಸಿದ್ಧ. ಮಕ್ಕಳು ಇದನ್ನು ಸ್ಮೂದಿ ಎನ್ನುತ್ತಾರೆ. ನಗರದ ಕೆಫೆಗಳಲ್ಲಿ ಹೆಚ್ಚುಕಡಿಮೆ ಇದೇ ವಸ್ತು ಎತ್ತರದ ಗಾಜಿನ ಲೋಟದಲ್ಲಿ ಬರುತ್ತದೆ. ಅದರ ಹೆಸರಿನ ಮುಂದೆ ‘ಲೋಕಲ್’, ‘ಸೀಸನಲ್’, ‘ಹೆಲ್ದಿ’ ಎಂಬ ಮೂರು ವಿಶೇಷಣಗಳು ಇದ್ದೇ ಇರುತ್ತವೆ.

ಈ ಮೂರರಲ್ಲಿ ನನ್ನನ್ನು ಹಿಡಿದು ನಿಲ್ಲಿಸುವುದು ಮೊದಲನೆಯದು. ಋತು ಯಾವುದೆಂದು ಸಂತೆಗೆ ಹೋದರೆ ಗೊತ್ತಾಗುತ್ತದೆ. ಆರೋಗ್ಯದ ಲೆಕ್ಕವನ್ನು ಪ್ರಯೋಗಾಲಯಗಳು ಹೇಳುತ್ತವೆ. ಆದರೆ ‘ಸ್ಥಳೀಯ’ ಎಂಬುದನ್ನು ತೀರ್ಮಾನಿಸುವುದು ಹೇಗೆ? ಚರಿತ್ರೆಯನ್ನು ಓದುವವನಾಗಿ, ಈ ಲೋಟದೊಳಗಿನ ಒಂದೊಂದು ವಸ್ತುವಿಗೂ ‘ನಿನ್ನ ಊರು ಯಾವುದು’ ಎಂದು ಕೇಳುತ್ತಾ ಹೋದೆ. ಬಂದ ಉತ್ತರಗಳು ನನ್ನನ್ನು ಆಫ್ರಿಕಾ, ಮೆಕ್ಸಿಕೊ, ಅಮೆರಿಕದ ಒಂದು ಸಣ್ಣ ಊರು, ಮಂಡ್ಯದ ವಿ.ಸಿ. ಫಾರಂ ಎಂದು ಸುತ್ತಿಸಿ ಮತ್ತೆ ನಮ್ಮ ಅಡುಗೆಮನೆಗೇ ತಂದು ಬಿಟ್ಟವು.

ಮೊದಲು ರಾಗಿಯನ್ನೇ ಕೇಳೋಣ. ಹಳೇ ಮೈಸೂರಿನವರಿಗೆ ಇದಕ್ಕಿಂತ ನಮ್ಮದು ಎನ್ನಬಹುದಾದ ಧಾನ್ಯ ಇನ್ನೊಂದಿಲ್ಲ. ಆದರೆ ರಾಗಿಯ ಕಾಡು ಪೂರ್ವಜ ಸಸ್ಯದ ತವರು ಪೂರ್ವ ಆಫ್ರಿಕಾ. ಇಥಿಯೋಪಿಯಾ, ಉಗಾಂಡಾಗಳ ಎತ್ತರದ ಸೀಮೆಗಳಲ್ಲಿ ಜನ ಅದನ್ನು ಪಳಗಿಸಿದರು. ಅಲ್ಲಿಂದ ಅದು ಸಾವಿರಾರು ವರ್ಷಗಳ ಹಿಂದೆ ಸಮುದ್ರ ದಾಟಿ ನಮ್ಮಲ್ಲಿಗೆ ಬಂತು. ಹಾವೇರಿ ಜಿಲ್ಲೆಯ ಹಳ್ಳೂರಿನಲ್ಲಿ 1960ರ ದಶಕದಲ್ಲಿ ಉತ್ಖನನ ನಡೆದಾಗ ನವಶಿಲಾಯುಗದ ಪದರಗಳಲ್ಲಿ ರಾಗಿ ಸಿಕ್ಕಿತೆಂದು ವರದಿಯಾಯಿತು. ಮುಂದೆ ಇಂಥ ಹಳೆಯ ಗುರುತಿಸುವಿಕೆಗಳನ್ನು ಮರುಪರಿಶೀಲಿಸಿದ ಸಸ್ಯ-ಪುರಾತತ್ವಜ್ಞರು ಅಷ್ಟು ಪ್ರಾಚೀನತೆಯ ಬಗ್ಗೆ ಅನುಮಾನ ಎತ್ತಿದರು. ಅವರ ಪ್ರಕಾರ ತುಂಗಭದ್ರೆಯ ಆಸುಪಾಸಿನ ಆ ಮೊದಲ ರೈತರು ಮುಖ್ಯವಾಗಿ ಬೆಳೆಯುತ್ತಿದ್ದುದು ಹುರುಳಿ, ಹೆಸರು, ಕೊರಲೆಯಂಥ ಕಾಳುಗಳನ್ನು. ಅಂದರೆ ಈ ಮಣ್ಣಿನ ಹಿರಿಯ ಮಕ್ಕಳು ಹುರುಳಿ ಮತ್ತು ಕೊರಲೆ. ರಾಗಿ ಆಮೇಲೆ ಬಂದು ಸೇರಿಕೊಂಡ ನೆಂಟ.

ಆದರೆ ಈ ನೆಂಟ ಇಲ್ಲಿ ಎಷ್ಟು ಬೇರೂರಿತೆಂದರೆ ಹದಿನಾರನೆಯ ಶತಮಾನದ ಹೊತ್ತಿಗೆ ಅದರ ಪರವಾಗಿ ವಾದ ಮಾಡಲು ಕನ್ನಡದಲ್ಲಿ ಒಂದು ಕಾವ್ಯವೇ ಹುಟ್ಟಿತು. ಕನಕದಾಸರ ‘ರಾಮಧಾನ್ಯ ಚರಿತೆ’ಯ ಕಥೆ ನಮಗೆಲ್ಲ ಗೊತ್ತಿರುವುದೇ. ಧಾನ್ಯಗಳಲ್ಲಿ ಯಾರು ಮೇಲು ಎಂಬ ಪ್ರಶ್ನೆ ಶ್ರೀರಾಮನ ಮುಂದೆ ಬರುತ್ತದೆ. ವ್ರೀಹಿ, ಅಂದರೆ ಭತ್ತ, ತನ್ನ ಕುಲೀನತೆಯನ್ನು ಹೇಳಿಕೊಳ್ಳುತ್ತದೆ. ನರೆದಲೆಗ, ಅಂದರೆ ರಾಗಿ, ತಾನು ಬಡವರ ಕೈಬಿಡದವನು ಎನ್ನುತ್ತದೆ. ಎರಡನ್ನೂ ಆರು ತಿಂಗಳು ಸೆರೆಯಲ್ಲಿಡಲಾಗುತ್ತದೆ. ಹೊರಗೆ ಬಂದಾಗ ಭತ್ತ ಸೊರಗಿರುತ್ತದೆ, ರಾಗಿ ಗಟ್ಟಿಯಾಗಿಯೇ ಇರುತ್ತದೆ.

ಈ ಕಾವ್ಯವನ್ನು ಮೇಲು-ಕೀಳಿನ ರೂಪಕವಾಗಿ ಓದುವುದು ವಾಡಿಕೆ. ಆ ಓದು ಸರಿಯೇ. ಆದರೆ ನನಗೆ ಆ ಸೆರೆಮನೆಯಲ್ಲಿ ರೈತನ ಹಗೇವು ಕೂಡ ಕಾಣುತ್ತದೆ. ನೆಲದಲ್ಲಿ ಗುಂಡಿ ತೋಡಿ, ಹುಲ್ಲು ಹಾಸಿ, ಕಾಳು ತುಂಬಿ, ಮಣ್ಣು ಮುಚ್ಚಿಡುವ ಕಣಜವದು. ಗಾಳಿಯಾಡದ ಆ ಕತ್ತಲೆಯಲ್ಲಿ ರಾಗಿ ವರ್ಷಗಟ್ಟಲೆ ಕೆಡದೆ ಉಳಿಯುತ್ತದೆ. ಕಾಳು ಚಿಕ್ಕದು, ಸಿಪ್ಪೆ ಗಟ್ಟಿ, ಹುಳು ಹೊಕ್ಕಲು ಜಾಗವಿಲ್ಲ. ಕನಕದಾಸರು ದಿನಗಣ್ಣಿನಿಂದ ಕಂಡ ಒಂದು ಕೃಷಿ ಸತ್ಯವೇ ಕಾವ್ಯದ ತೀರ್ಪಾಗಿದೆ ಎಂದು ನಾನು ನಂಬುತ್ತೇನೆ. ಟಿಪ್ಪುವಿನ ಪತನದ ನಂತರ 1800-01ರಲ್ಲಿ ಮೈಸೂರು ಸೀಮೆಯನ್ನು ಸುತ್ತಿದ ಫ್ರಾನ್ಸಿಸ್ ಬುಕಾನನ್ ಕೂಡ ರಾಗಿಯ ಬಿತ್ತನೆ, ಕೊಯ್ಲುಗಳ ಜೊತೆಗೆ ಈ ಹಗೇವುಗಳ ವಿಚಾರವನ್ನೂ ಬರೆದಿಟ್ಟಿದ್ದಾನೆ.

ಹಗೇವು ಖಾಲಿಯಾದಾಗ ಏನಾಗುತ್ತದೆ ಎಂಬುದನ್ನೂ ಈ ನಾಡು ಕಂಡಿದೆ. 1871ರ ಜನಗಣತಿಯಲ್ಲಿ ಮೈಸೂರು ಸಂಸ್ಥಾನದ ಜನಸಂಖ್ಯೆ 50 ಲಕ್ಷ ದಾಟಿತ್ತು. 1876-78ರ ಬರ ಕಳೆದು 1881ರಲ್ಲಿ ಎಣಿಸಿದಾಗ ಉಳಿದಿದ್ದವರು ಸುಮಾರು 42 ಲಕ್ಷ. ರಾಗಿ ಆರೋಗ್ಯದ ಆಯ್ಕೆಯಾಗುವುದಕ್ಕೆ ಬಹಳ ಮೊದಲು ಬದುಕು-ಸಾವಿನ ಲೆಕ್ಕವಾಗಿತ್ತು. ಇವತ್ತು ಒಂದು ಲೋಟ ರಾಗಿ ಪಾನೀಯವನ್ನು ಕೈಯಲ್ಲಿ ಹಿಡಿದಾಗ ಈ ಸಂಖ್ಯೆಗಳನ್ನು ಮರೆಯಬಾರದು ಎನಿಸುತ್ತದೆ.

ನಮ್ಮಲ್ಲಿ ಪಾನೀಯಗಳ ಬಗ್ಗೆ ಬರೆದವರಿಗೆ ಕೊರತೆಯಿಲ್ಲ. ಹನ್ನೊಂದನೆಯ ಶತಮಾನದಲ್ಲಿ ಚಾವುಂಡರಾಯನ ‘ಲೋಕೋಪಕಾರ’ ಅಡುಗೆಯನ್ನು ಶಾಸ್ತ್ರವಾಗಿ ವಿವರಿಸಿತು. ಹನ್ನೆರಡನೆಯ ಶತಮಾನದಲ್ಲಿ ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ ‘ಮಾನಸೋಲ್ಲಾಸ’ದಲ್ಲಿ ಅನ್ನಭೋಗ, ಪಾನೀಯಭೋಗಗಳಿಗೆ ಪ್ರತ್ಯೇಕ ಜಾಗ ಕೊಟ್ಟ. ಹದಿನಾರನೆಯ ಶತಮಾನದ ಮೊದಲ ವರ್ಷಗಳಲ್ಲಿ ಮಂಗರಸ ‘ಸೂಪಶಾಸ್ತ್ರ’ವನ್ನು ಪದ್ಯದಲ್ಲಿ ರಚಿಸಿ ಪಾನಕಗಳನ್ನೂ ಬಣ್ಣಿಸಿದ. ಈ ಗ್ರಂಥಗಳನ್ನು ಓದುವಾಗ ಏಲಕ್ಕಿ, ಕರ್ಪೂರ, ಹೂವಿನ ಪರಿಮಳ ಮೂಗಿಗೆ ಬಡಿಯುತ್ತದೆ. ಇವು ಅರಮನೆಯ, ಉಳ್ಳವರ ಅಡುಗೆಮನೆಯ ದಾಖಲೆಗಳು.

ಅಂಬಲಿಗೆ ಇಂಥ ಶಾಸ್ತ್ರಗ್ರಂಥ ಇಲ್ಲ. ಅದಕ್ಕಿರುವುದು ಕಥೆಗಳು. ಶಿವಶರಣರ ಪರಂಪರೆಯಲ್ಲಿ ಮಾದಾರ ಚೆನ್ನಯ್ಯನ ಅಂಬಲಿಯ ಕಥೆ ಬಹಳ ಹಳೆಯದು. ಚೋಳ ದೊರೆಯ ಮೃಷ್ಟಾನ್ನ ನೈವೇದ್ಯವನ್ನು ಬಿಟ್ಟು ಶಿವ ಚೆನ್ನಯ್ಯನ ಮನೆಯ ಅಂಬಲಿಯನ್ನು ಸವಿದ ಎಂಬುದು ಅದರ ತಿರುಳು. ಇದು ಭಕ್ತಿಯ ಕಥೆ ನಿಜ. ಆದರೆ ಆ ಕಥೆ ಕೇಳುಗರ ಮೇಲೆ ಪರಿಣಾಮ ಮಾಡಬೇಕಾದರೆ ಅಂಬಲಿ ಕೀಳು ಎಂಬ ಭಾವನೆ ಕೇಳುಗರಲ್ಲಿ ಮೊದಲೇ ಇರಬೇಕು. ದೇವರೇ ಬಂದು ಕುಡಿದು ತೋರಿಸಬೇಕಾದಷ್ಟು ಆಳವಾದ ತಾತ್ಸಾರ ಅದು.

ಹಾಗೆ ನೋಡಿದರೆ ಅಂಬಲಿಯಷ್ಟು ಬುದ್ಧಿವಂತಿಕೆಯ ಪಾನೀಯ ಇನ್ನೊಂದಿಲ್ಲ. ರಾತ್ರಿ ರಾಗಿ ಹಿಟ್ಟನ್ನು ನೀರಿನಲ್ಲಿ ಕಲಸಿಟ್ಟರೆ ಬೆಳಗಾಗುವುದರೊಳಗೆ ಅದು ಹದವಾಗಿ ಹುಳಿಯುತ್ತದೆ. ಅದನ್ನು ಕುದಿಸಿ, ಆರಿಸಿ, ಮಜ್ಜಿಗೆ, ಉಪ್ಪು, ಹೆಚ್ಚಿದ ಈರುಳ್ಳಿ ಸೇರಿಸಿದರೆ ಆಯಿತು. ಉತ್ತರ ಕರ್ನಾಟಕದ ಕಡೆ ಇದನ್ನೇ ಜೋಳದ ಹಿಟ್ಟಿನಲ್ಲಿ ಮಾಡುತ್ತಾರೆ. ರಾಗಿಯಲ್ಲಿ 100 ಗ್ರಾಂಗೆ ಸುಮಾರು 350 ಮಿಲಿಗ್ರಾಂ ಕ್ಯಾಲ್ಸಿಯಂ ಇದೆ. ಬೇರೆ ಯಾವ ಮುಖ್ಯ ಏಕದಳ ಧಾನ್ಯವೂ ಅದರ ಹತ್ತಿರ ಬರುವುದಿಲ್ಲ. ಆದರೆ ಕಾಳಿನಲ್ಲಿರುವ ಫೈಟೇಟ್ ಎಂಬ ಅಂಶ ಈ ಖನಿಜಗಳನ್ನು ದೇಹ ಹೀರಿಕೊಳ್ಳದಂತೆ ಹಿಡಿದಿಡುತ್ತದೆ. ಹುಳಿಯುವಾಗ ಮತ್ತು ಮೊಳಕೆಯೊಡೆಯುವಾಗ ಆ ಹಿಡಿತ ಸಡಿಲವಾಗುತ್ತದೆ. ಈ ವಿಜ್ಞಾನವನ್ನು ಯಾರೂ ಬರೆದಿಡದಿದ್ದರೂ ನಮ್ಮ ಅಜ್ಜಿಯರ ಕೈಗೆ ಅದು ಗೊತ್ತಿತ್ತು. ಚಳಿಗಾಲದ ನನ್ನ ಲೋಟದ ಬುನಾದಿಯೂ ಇದೇ. ಎರಡು ದೊಡ್ಡ ಚಮಚ, ಅಂದರೆ ಸುಮಾರು 25 ಗ್ರಾಂ ರಾಗಿ ಹಿಟ್ಟನ್ನು ಹಿಂದಿನ ರಾತ್ರಿಯೇ ನೆನೆಸಿ, ಬೆಳಿಗ್ಗೆ ಎರಡು ಲೋಟ ನೀರಿನಲ್ಲಿ ಗಂಟಾಗದಂತೆ ಕುದಿಸಿಕೊಳ್ಳುತ್ತೇನೆ.

ಇನ್ನು ಹಣ್ಣುಗಳು. ಇಲ್ಲಿ ನಮ್ಮ ಭಾಷೆಯೇ ಒಳ್ಳೆಯ ಚರಿತ್ರೆಕಾರ. ಪಪ್ಪಾಯಿಯನ್ನು ಹಳೇ ಮೈಸೂರಿನ ಹಳ್ಳಿಗಳಲ್ಲಿ ಈಗಲೂ ‘ಪರಂಗಿ ಹಣ್ಣು’ ಎನ್ನುತ್ತಾರೆ. ಪರಂಗಿ ಎಂದರೆ ಫಿರಂಗಿ, ಯುರೋಪಿನವನು. ಮಧ್ಯ ಅಮೆರಿಕದ ಈ ಹಣ್ಣು ಪೋರ್ಚುಗೀಸರ ಹಡಗುಗಳ ಕಾಲದಲ್ಲಿ ಬಂದದ್ದನ್ನು ಆ ಹೆಸರು ಇಂದಿಗೂ ನೆನಪಿಟ್ಟಿದೆ. ಸಪೋಟ ಎಂಬ ಪದವನ್ನು ಹಿಂಬಾಲಿಸಿಕೊಂಡು ಹೋದರೆ ಸ್ಪ್ಯಾನಿಷ್ ಭಾಷೆಯನ್ನು ದಾಟಿ ಮೆಕ್ಸಿಕೊದ ಮೂಲನಿವಾಸಿಗಳ ನಾವಾಟ್ಲ್ ಭಾಷೆಗೆ ಮುಟ್ಟುತ್ತೇವೆ. ಪೇರಳೆಯ ತವರೂ ಅಮೆರಿಕವೇ. ಪೇರು ಹಣ್ಣಿಗೆ ಪೋರ್ಚುಗೀಸರು ಕರೆಯುವ ‘ಪೇರ’ ಎಂಬ ಹೆಸರಿನ ನೆರಳು ಈ ಪದದಲ್ಲಿದೆ. ಅದೇ ಹಣ್ಣು ಸೀಬೆಯಾಗಿ, ಚೇಪೆಯಾಗಿ ಊರೂರಿಗೂ ಹೊಸ ಹೆಸರು ಪಡೆಯಿತು. ನಾವು ತೀರ ದೇಸಿ ಎಂದುಕೊಂಡಿರುವ ಗೆಣಸಿನ ಕಥೆ ಇನ್ನೂ ಸ್ವಾರಸ್ಯಕರ. ಗೆಣಸು ಎಂಬ ಪದ ಹಳೆಯದು, ಇಲ್ಲಿಯ ಗಡ್ಡೆಗಳಿಗೆ ಇದ್ದದ್ದು. ಅಮೆರಿಕದಿಂದ ಸಿಹಿಗೆಣಸು ಬಂದಾಗ ಅದು ಆ ಹೆಸರಿನೊಳಗೇ ಹೊಕ್ಕು ಕುಳಿತಿತು.

ಕನ್ನಡಕ್ಕೆ ಪರಕೀಯವನ್ನು ಗುರುತಿಸುವ ಇನ್ನೊಂದು ಉಪಾಯವಿದೆ. ಅದು ‘ಸೀಮೆ’ ಎಂಬ ಮುಂಪದ. ಸೀಮೆಹಸು, ಸೀಮೆಎಣ್ಣೆ, ಸೀಮೆಸುಣ್ಣ, ಸೀಮೆಬದನೆ ಎಲ್ಲವೂ ಹೀಗೆ ಗುರುತಿನ ಚೀಟಿ ಕಟ್ಟಿಕೊಂಡೇ ಒಳಗೆ ಬಂದವು. ಆದರೆ ಬಳಕೆ ಹೆಚ್ಚಾದಂತೆ ಚೀಟಿ ಉದುರಿಹೋಗುತ್ತದೆ. ಸೀಬೆಕಾಯಿಗೆ ಉಪ್ಪು ಖಾರ ಹಚ್ಚಿ ತಿನ್ನುವ ಶಾಲೆಯ ಮಗುವಿಗೆ ಆ ಸೀಬೆಯೂ, ಆ ಖಾರದ ಮೆಣಸಿನಕಾಯಿಯೂ ಅಟ್ಲಾಂಟಿಕ್ ದಾಟಿ ಬಂದವು ಎಂದರೆ ನಗು ಬರುತ್ತದೆ. ಆ ನಗು ನ್ಯಾಯವಾದದ್ದು. ನಾಲ್ಕು ಶತಮಾನ ಒಂದು ಊರಿನ ಬಿಸಿಲು, ಮಳೆ, ನಾಲಿಗೆಗಳೊಂದಿಗೆ ಬದುಕಿದ ಗಿಡವನ್ನು ಯಾವ ನ್ಯಾಯದ ಮೇಲೆ ಹೊರಗಿನದು ಎನ್ನುವುದು?

ಈ ಹಣ್ಣುಗಳಲ್ಲಿ ಚಳಿಗಾಲಕ್ಕೆ ನನ್ನ ಮೊದಲ ಆಯ್ಕೆ ಸೀಬೆ. ಅದರಲ್ಲಿ ಸಿ ಜೀವಸತ್ವ ಹೇರಳವಾಗಿದೆ, ಅದು ರಾಗಿಯ ಕಬ್ಬಿಣವನ್ನು ದೇಹ ಹೀರಿಕೊಳ್ಳಲು ನೆರವಾಗುತ್ತದೆ. ಒಂದು ಮಾಗಿದ ಸೀಬೆಯ ಬೀಜ ತೆಗೆದು, ಗಂಜಿ ಉಗುರುಬೆಚ್ಚಗಾದ ಮೇಲೆ ಸೇರಿಸಬೇಕು. ಕುದಿಯುವ ಗಂಜಿಗೆ ಹಾಕಿದರೆ ಆ ಜೀವಸತ್ವದ ಒಂದು ಪಾಲು ನಷ್ಟವಾಗುತ್ತದೆ. ಸಪೋಟ ಹಾಕುವ ದಿನ ಬೆಲ್ಲ ಬೇಕಾಗುವುದಿಲ್ಲ. ಪರಂಗಿ ಹಣ್ಣು ಹಾಕಿದರೆ ಹಾಲು ಬೇಡ, ಹಾಲು ಕಹಿಯಾಗುತ್ತದೆ. ಕೊಡಗಿನ ಕಿತ್ತಳೆ ಸಿಕ್ಕ ದಿನ ತೊಳೆಗಳ ರಸವನ್ನು ಹಿಂಡಿ ಕೊನೆಯಲ್ಲಿ ಬೆರೆಸುತ್ತೇನೆ. ಕಾರ್ತಿಕದಲ್ಲಿ ತುಳಸಿಯ ಜೊತೆ ಪೂಜೆಗೆ ಬರುವ ನೆಲ್ಲಿಕಾಯಿಯನ್ನು ಮರೆಯಬಾರದು. ಒಂದು ಬೆಟ್ಟದ ನೆಲ್ಲಿಕಾಯಿಯನ್ನು ತುರಿದು ಹಾಕಿದರೆ ಸಾಕು. ಲೋಟದಲ್ಲಿರುವ ಹಣ್ಣುಗಳ ಪೈಕಿ ಹುಟ್ಟಿನಿಂದಲೂ ಇಲ್ಲಿಯದು ಎಂದು ಹೇಳಿಕೊಳ್ಳಬಲ್ಲದ್ದು ಅದೊಂದೇ.

ಹಣ್ಣಿನ ನಂತರ ಎಣ್ಣೆಕಾಳು. ಬೆಂಗಳೂರಿನ ಬಸವನಗುಡಿಯಲ್ಲಿ ಕಾರ್ತಿಕದ ಕೊನೆಯ ಸೋಮವಾರ ನಡೆಯುವ ಕಡಲೆಕಾಯಿ ಪರಿಷೆ ಚಳಿಗಾಲದ ಬಾಗಿಲು. ಸುತ್ತಲಿನ ಹಳ್ಳಿಗಳ ಬೆಳೆ ತಿನ್ನುತ್ತಿದ್ದ ಬಸವನನ್ನು ಒಲಿಸಿಕೊಳ್ಳಲು ರೈತರು ಮೊದಲ ಫಸಲನ್ನು ಅರ್ಪಿಸಿದರು ಎಂಬ ಐತಿಹ್ಯ ಎಲ್ಲರ ಬಾಯಲ್ಲೂ ಇದೆ. ಕಡಲೆಕಾಯಿ ದಕ್ಷಿಣ ಅಮೆರಿಕದ ಬೆಳೆ. ಪೋರ್ಚುಗೀಸರು ಇಂಡಿಯಾಕ್ಕೆ ಬಂದ ಮೇಲಷ್ಟೇ ಇಲ್ಲಿಯ ಹೊಲಗಳಿಗೆ ಇಳಿದದ್ದು. ಹಾಗಾಗಿ ಆ ಐತಿಹ್ಯ ಈಗಿರುವ ರೂಪದಲ್ಲಿ ಅದಕ್ಕಿಂತ ಹಳೆಯದಾಗಿರಲಾರದು. ಇದರಿಂದ ಪರಿಷೆಯ ಘನತೆಗೇನೂ ಕುಂದಿಲ್ಲ. ಹೊಸದಾಗಿ ಬಂದ ಬೆಳೆಗೂ ಒಂದು ದೇವರು, ಒಂದು ಜಾತ್ರೆ, ಒಂದು ಕಥೆ ಕಟ್ಟಿಕೊಟ್ಟು ತಮ್ಮದಾಗಿಸಿಕೊಂಡ ರೈತರ ಔದಾರ್ಯ ಅದರಲ್ಲಿ ಕಾಣುತ್ತದೆ.

ಎಳ್ಳಿನ ಮಾತು ಬೇರೆ. ಅದನ್ನು ಪಳಗಿಸಿದ್ದೇ ಇಂಡಿಯಾ ಉಪಖಂಡದಲ್ಲಿ. ಹರಪ್ಪದಲ್ಲಿ ನಾಲ್ಕು ಸಾವಿರ ವರ್ಷಕ್ಕೂ ಹಿಂದಿನ ಎಳ್ಳು ಸಿಕ್ಕಿದೆ. ಸಂಕ್ರಾಂತಿಯ ದಿನ ನಾವು ಮನೆಮನೆಗೆ ಬೀರುವ ಎಳ್ಳು-ಬೆಲ್ಲದ ಪೊಟ್ಟಣವನ್ನು ಬಿಚ್ಚಿ ನೋಡಿ. ಇಲ್ಲಿಯೇ ಹುಟ್ಟಿದ ಎಳ್ಳು, ದಕ್ಷಿಣ ಅಮೆರಿಕದ ಕಡಲೆಕಾಯಿ ಬೀಜ, ಪಶ್ಚಿಮ ಏಷ್ಯಾದ ಕಡೆಯಿಂದ ಬಂದ ಕಡಲೆಯಿಂದ ಮಾಡಿದ ಹುರಿಗಡಲೆ, ಜೊತೆಗೆ ಕೊಬ್ಬರಿ, ಬೆಲ್ಲ. ಎಲ್ಲವೂ ಒಂದೇ ಅಳತೆಯಲ್ಲಿ, ಒಂದೇ ಗಾತ್ರಕ್ಕೆ ಕತ್ತರಿಸಿಕೊಂಡು ಅಕ್ಕಪಕ್ಕ ಕುಳಿತಿವೆ. ಯಾರು ಮೊದಲು ಬಂದವರು ಎಂದು ಹಬ್ಬ ಕೇಳುವುದಿಲ್ಲ. ಸಂಕ್ರಾಂತಿ ಕಳೆದ ಮೇಲೆ ಡಬ್ಬಿಯಲ್ಲಿ ಉಳಿಯುವ ಎಳ್ಳು-ಬೆಲ್ಲವನ್ನು ನಾನು ಎರಡು ಚಮಚದಂತೆ ಇದೇ ಪಾನೀಯಕ್ಕೆ ಹಾಕಿ ಮುಗಿಸುತ್ತೇನೆ.

ಆ ಬೆಲ್ಲದ ಹಿಂದೆ ಇನ್ನೊಂದು ಕಥೆಯಿದೆ, ಅದರಲ್ಲಿ ರಾಗಿಯೂ ಒಂದು ಪಾತ್ರ. ಕಬ್ಬು ಮೂಲದಲ್ಲಿ ನ್ಯೂಗಿನಿಯ ಕಡೆಯ ಹುಲ್ಲು. ಅದರ ರಸವನ್ನು ಕಾಯಿಸಿ ಬೆಲ್ಲ, ಸಕ್ಕರೆ ಮಾಡುವ ವಿದ್ಯೆ ಬೆಳೆದದ್ದು ಇಂಡಿಯಾದಲ್ಲಿ. ಮಂಡ್ಯ ಇವತ್ತು ಬೆಲ್ಲದ ಇನ್ನೊಂದು ಹೆಸರು. ಆದರೆ ನೂರು ವರ್ಷದ ಹಿಂದೆ ಮಂಡ್ಯದ ಹೊಲಗಳು ಹೆಚ್ಚಾಗಿ ಮಳೆಯನ್ನೇ ನೆಚ್ಚಿದ ರಾಗಿಯ ಹೊಲಗಳು. 1911ರಲ್ಲಿ ಕೆಲಸ ಶುರುವಾದ ಕೃಷ್ಣರಾಜಸಾಗರ 1930ರ ದಶಕದ ಆರಂಭದಲ್ಲಿ ಪೂರ್ಣಗೊಂಡು, ಇರ್ವಿನ್ ನಾಲೆಯಲ್ಲಿ ನೀರು ಹರಿಯಿತು. ಇಂದು ನಾವು ವಿಶ್ವೇಶ್ವರಯ್ಯ ನಾಲೆ ಎನ್ನುವುದು ಅದನ್ನೇ. 1933ರಲ್ಲಿ ಮೈಸೂರು ಸಕ್ಕರೆ ಕಂಪನಿ ಸ್ಥಾಪನೆಯಾಯಿತು. ನೀರು ಬಂದ ಕಡೆ ಕಬ್ಬು, ಭತ್ತ ಬಂದವು, ಅಲ್ಲಿಂದ ರಾಗಿ ಹಿಂದೆ ಸರಿಯಿತು. ನೀರಾವರಿ ಆ ಸೀಮೆಯ ಬಡತನವನ್ನು ಕಡಿಮೆ ಮಾಡಿದ್ದನ್ನು ಯಾರೂ ಅಲ್ಲಗಳೆಯಲಾಗದು. ಜೊತೆಗೆ ಅದು ಒಂದು ಹೊಸ ಅಂತಸ್ತನ್ನೂ ತಂದಿತು. ಅನ್ನ ಉಣ್ಣುವ ಮನೆ, ಮುದ್ದೆ ಉಣ್ಣುವ ಮನೆ ಎಂಬ ಭೇದ ಇನ್ನಷ್ಟು ಗಟ್ಟಿಯಾಯಿತು. ಹಬ್ಬಕ್ಕೆ ಮಾತ್ರ ಅನ್ನ ಎಂಬ ಮಾತು ಹೋಗಿ, ಮುದ್ದೆ ಎಂದರೆ ನಾಚಿಕೆ ಎಂಬ ಕಾಲ ಬಂತು. ಕನಕದಾಸರ ಕಾವ್ಯದಲ್ಲಿ ರಾಗಿ ಗೆದ್ದಿತ್ತು, ಊಟದ ಎಲೆಯ ಮೇಲೆ ವ್ರೀಹಿ ಗೆದ್ದಿತು.

ಕೊನೆಯಲ್ಲಿ ಕಾಳುಮೆಣಸು, ಶುಂಠಿ. ಮೆಣಸು ನಮ್ಮ ಪಶ್ಚಿಮ ಘಟ್ಟದ ಬಳ್ಳಿ. ಫಿರಂಗಿಗಳು ಸಮುದ್ರ ದಾಟಿ ಬಂದದ್ದೇ ಇದನ್ನು ಹುಡುಕಿಕೊಂಡು. ಅಂದರೆ ಈ ಲೋಟದಲ್ಲಿ ಸೀಬೆ, ಪಪ್ಪಾಯಿ, ಕಡಲೆಕಾಯಿಗಳು ಕೂಡಿಬರಲು ಪರೋಕ್ಷವಾಗಿ ಕಾರಣ ಈ ನಾಲ್ಕು ಕಾಳು ಮೆಣಸು. ಆಯುರ್ವೇದದ ಋತುಚರ್ಯೆ ಹೇಮಂತದಲ್ಲಿ ಜಠರಾಗ್ನಿ ಪ್ರಬಲವಾಗಿರುತ್ತದೆ, ಸಿಹಿಯೂ ಜಿಡ್ಡೂ ಇರುವ ಗಟ್ಟಿ ಆಹಾರವನ್ನು ಬೆಚ್ಚಗೆ ಸೇವಿಸಬೇಕು ಎನ್ನುತ್ತದೆ. ನಮ್ಮ ಚಳಿಗಾಲದ ಪಾನೀಯಗಳೆಲ್ಲ, ಕಷಾಯವಿರಲಿ, ಗಂಜಿಯಿರಲಿ, ಬಿಸಿಯಾಗಿಯೇ ಇರುವುದು ಇದಕ್ಕೇ. ಸ್ಮೂದಿಗೆ ಐಸ್ ತುಂಬುವುದು ಬೇರೆ ಹವೆಯ, ಬೇರೆ ಯಂತ್ರದ ರೂಢಿ. ಬೆಚ್ಚಗೆ ಕುಡಿಯುವುದೇ ನಮಗೆ ಸರಿ.

ಆ ಯಂತ್ರದ ಕಥೆ ಹೇಳದಿದ್ದರೆ ಲೋಟದ ಚರಿತ್ರೆ ಪೂರ್ತಿಯಾಗುವುದಿಲ್ಲ. ಅಮೆರಿಕದ ವಿಸ್ಕಾನ್ಸಿನ್ ರಾಜ್ಯದಲ್ಲಿ ರಸೀನ್ ಎಂಬ ಊರಿದೆ. ಇಂಗ್ಲೆಂಡಿನಿಂದ ವಲಸೆ ಹೋದ ಹಾರ್ಲಿಕ್ ಸಹೋದರರು ಅಲ್ಲಿ ಮೊಳಕೆ ಕಟ್ಟಿಸಿದ ಬಾರ್ಲಿ, ಗೋಧಿ ಮತ್ತು ಹಾಲನ್ನು ಸೇರಿಸಿ ಒಣಪುಡಿ ಮಾಡಿದರು. 1883ರಲ್ಲಿ ಅದಕ್ಕೆ ಪೇಟೆಂಟ್ ದೊರೆಯಿತು. ಆ ಮಾಲ್ಟೆಡ್ ಹಾಲನ್ನು ಸೋಡಾ ಅಂಗಡಿಗಳಲ್ಲಿ ಗಂಟಿಲ್ಲದಂತೆ ಕಲಸಿಕೊಡಬೇಕಿತ್ತು. ಅದೇ ಊರಿನ, ಪೋಲಿಷ್ ಮೂಲದ ಸ್ಟೀಫನ್ ಪಾಪ್ಲಾವ್‌ಸ್ಕಿ ಎಂಬಾತ ಪಾತ್ರೆಯ ತಳದಲ್ಲಿ ತಿರುಗುವ ಅಲಗು ಇಟ್ಟ ಕಲಸುಯಂತ್ರ ರೂಪಿಸಿ 1922ರಲ್ಲಿ ಪೇಟೆಂಟ್ ಪಡೆದ. ಬ್ಲೆಂಡರ್ ಹುಟ್ಟಿದ್ದು ಹೀಗೆ. ಅಲ್ಲಿ ಹಣ್ಣು, ಐಸ್ ಸೇರಿಸಿ ನುಣ್ಣಗೆ ತಿರುಗಿಸಿದ ಪಾನೀಯಕ್ಕೆ ಸ್ಮೂದಿ ಎಂಬ ಹೆಸರು ಬಂದು, 1970ರ ದಶಕದಲ್ಲಿ ಅದನ್ನೇ ಮಾರುವ ಅಂಗಡಿಗಳು ತೆರೆದವು. ನಮ್ಮಲ್ಲಿ 1960ರ ದಶಕದಲ್ಲಿ ಮುಂಬಯಿಯ ಎಂಜಿನಿಯರ್ ಸತ್ಯ ಪ್ರಕಾಶ್ ಮಾಥುರ್ ಇಲ್ಲಿಯ ಮಸಾಲೆ, ಕಾಳು ಅರೆಯುವ ಶಕ್ತಿಯ ಸುಮೀತ್ ಮಿಕ್ಸಿಯನ್ನು ತಂದರು. ಒರಳುಕಲ್ಲಿನ ಮುಂದೆ ಕೂರುತ್ತಿದ್ದ ಹೆಂಗಸರ ಹೊತ್ತು ಎಷ್ಟೋ ಮನೆಗಳಲ್ಲಿ ಉಳಿಯಿತು.

ರಸೀನ್‌ನಿಂದ ನಮಗೆ ಬಂದದ್ದು ಯಂತ್ರದ ಕಲ್ಪನೆ ಒಂದೇ ಅಲ್ಲ, ‘ಮಾಲ್ಟ್’ ಎಂಬ ಪದವೂ ಅದೇ ದಾರಿಯಲ್ಲಿ ಬಂತು. ರಾಗಿಯನ್ನು ಮೊಳಕೆ ಕಟ್ಟಿಸಿ, ಒಣಗಿಸಿ, ಹುರಿದು, ಬೀಸಿ ಎಳೆಮಗುವಿಗೆ ‘ಸರಿ’ ಮಾಡಿ ತಿನ್ನಿಸುವುದು ಇಲ್ಲಿಯ ತಾಯಂದಿರಿಗೆ ಹೊಸದಲ್ಲ. ಆದರೆ ಪೇಟೆಯ ಬಾಟಲಿಯ ಪುಡಿಗೆ ಇದ್ದ ಮರ್ಯಾದೆ ಅದಕ್ಕೆ ಇರಲಿಲ್ಲ. ‘ರಾಗಿ ಮಾಲ್ಟ್’ ಎಂಬ ಹೆಸರು ಬಂದ ಮೇಲೆ ಅದೇ ಗಂಜಿ ನೆಂಟರ ಮುಂದೆ ಇಡಬಹುದಾದ ವಸ್ತುವಾಯಿತು. 1950ರಲ್ಲಿ ಮೈಸೂರಿನ ಚೆಲುವಾಂಬ ಮಹಲಿನಲ್ಲಿ ಶುರುವಾದ ಕೇಂದ್ರೀಯ ಆಹಾರ ತಂತ್ರಜ್ಞಾನ ಸಂಶೋಧನಾಲಯದ ವಿಜ್ಞಾನಿಗಳು ಮುಂದೆ ಮೊಳಕೆ ರಾಗಿಯ ಗುಣವನ್ನು ಅಳೆದು ತೋರಿಸಿದರು. ಮೊಳಕೆಯಲ್ಲಿ ಹುಟ್ಟುವ ಅಮೈಲೇಸ್ ಎಂಬ ಕಿಣ್ವ ಪಿಷ್ಟವನ್ನು ಒಡೆಯುತ್ತದೆ, ಹಾಗಾಗಿ ಹೆಚ್ಚು ಹಿಟ್ಟು ಹಾಕಿದರೂ ಗಂಜಿ ತೆಳುವಾಗಿಯೇ ಉಳಿಯುತ್ತದೆ. ಪುಟ್ಟ ಹೊಟ್ಟೆಗೆ ಸ್ವಲ್ಪದರಲ್ಲೇ ಹೆಚ್ಚು ಪೋಷಣೆ. ನಿಮ್ಮ ಲೋಟದ ಪಾನೀಯ ಅಂಟಂಟಾಗಿ ಗಟ್ಟಿಯಾಗುತ್ತಿದ್ದರೆ ಸಾದಾ ಹಿಟ್ಟಿನ ಬದಲು ಮೊಳಕೆ ರಾಗಿ ಹಿಟ್ಟು ಬಳಸಿ ನೋಡಿ.

ಈ ಕಥೆಯಲ್ಲಿ ನಾನು ಅತ್ಯಂತ ಗೌರವದಿಂದ ನೆನೆಯುವ ಹೆಸರು ಲಕ್ಷ್ಮಣಯ್ಯನವರದು. ಜನ ಅವರನ್ನು ರಾಗಿ ಲಕ್ಷ್ಮಣಯ್ಯ ಎಂದೇ ಕರೆದರು. ಮಂಡ್ಯದ ವಿ.ಸಿ. ಫಾರಂನಲ್ಲಿ ಕೆಲಸ ಮಾಡುತ್ತಿದ್ದ ಅವರು ಆಫ್ರಿಕಾದ ರಾಗಿಯನ್ನೂ ಇಲ್ಲಿಯ ರಾಗಿಯನ್ನೂ ಕೂಡಿಸಿದರು. ರಾಗಿಯ ಹೂವು ಕಣ್ಣಿಗೆ ಕಾಣದಷ್ಟು ಚಿಕ್ಕದು, ಬಹುಪಾಲು ತನ್ನಲ್ಲೇ ಪರಾಗಸ್ಪರ್ಶ ಮುಗಿಸಿಕೊಳ್ಳುತ್ತದೆ. ಅದರಲ್ಲಿ ಸಂಕರ ಮಾಡುವುದೆಂದರೆ ಅಪಾರ ತಾಳ್ಮೆಯ ಕೆಲಸ. ಹೀಗೆ ಹುಟ್ಟಿ 1970ರ ದಶಕದಿಂದ ರೈತರ ಹೊಲ ಸೇರಿದ ತಳಿಗಳ ಹೆಸರು ‘ಇಂಡಾಫ್’. ಇಂಡಿಯಾ ಮತ್ತು ಆಫ್ರಿಕಾ ಎರಡೂ ಆ ಹೆಸರಿನಲ್ಲಿವೆ. ರಾಗಿಯ ಇಳುವರಿಯ ಲೆಕ್ಕವೇ ಬದಲಾಯಿತು. ಮುಂದೆ ಬೆಂಗಳೂರಿನ ಕೃಷಿ ವಿಶ್ವವಿದ್ಯಾನಿಲಯದಿಂದ ಬಂದು ಇವತ್ತಿಗೂ ಜನಪ್ರಿಯವಾಗಿರುವ ಜಿಪಿಯು-28 ತಳಿಯ ವಂಶದಲ್ಲೂ ಇಂಡಾಫ್ ಇದೆ. ಸಾವಿರಾರು ವರ್ಷದ ಹಿಂದೆ ಸಮುದ್ರ ದಾಟಿ ಬೇರೆಯಾದ ದಾಯಾದಿಗಳನ್ನು ಮಂಡ್ಯದ ಮಣ್ಣಿನಲ್ಲಿ ಮತ್ತೆ ಒಟ್ಟುಗೂಡಿಸಿದ ಮನುಷ್ಯ ಅವರು. 1993ರಲ್ಲಿ ಅವರು ತೀರಿಕೊಂಡರು. ಅವರ ಹೆಸರು ನಮ್ಮ ಪಠ್ಯಪುಸ್ತಕಗಳಲ್ಲಿ ಇನ್ನಷ್ಟು ಕಾಣಬೇಕಿತ್ತು.

ಹಾಗಾದರೆ ಸ್ಥಳೀಯ ಎಂದರೆ ಯಾವುದು? ಹುಟ್ಟಿದ ಊರನ್ನೇ ಅಳತೆಗೋಲು ಮಾಡಿಕೊಂಡರೆ ನನ್ನ ಲೋಟದಲ್ಲಿ ಎಳ್ಳು, ನೆಲ್ಲಿ, ಮೆಣಸು ಮಾತ್ರ ಉಳಿಯುತ್ತವೆ. ರಾಗಿಯನ್ನೇ ಹೊರಗೆ ಚೆಲ್ಲಬೇಕಾಗುತ್ತದೆ. ಅಂಥ ಅಳತೆಗೋಲು ಯಾವ ಕೆಲಸಕ್ಕೂ ಬಾರದು. ನನಗೆ ಸರಿ ಕಾಣುವ ಉತ್ತರ ಇದು: ಇಲ್ಲಿಯ ಮಳೆಯ ಲೆಕ್ಕದಲ್ಲಿ ಬೆಳೆದು, ಇಲ್ಲಿಯ ಕೈಗಳಲ್ಲಿ ಹದವಾಗಿ, ಇಲ್ಲಿಯವರ ಕಷ್ಟದ ದಿನಗಳನ್ನು ದಾಟಿಸಿದ್ದು ಸ್ಥಳೀಯ. ಈ ಅರ್ಥದಲ್ಲಿ ‘ಲೋಕಲ್’ ಎಂಬುದು ಒಂದು ಸಸ್ಯದ ಗುಣವಲ್ಲ, ಅದನ್ನು ಉಳಿಸಿಕೊಂಡ ಜನರ ದುಡಿಮೆ.

ಆ ದುಡಿಮೆಗೆ ಸಲ್ಲುವ ಪಾಲು ಎಷ್ಟು ಎಂಬುದು ಮುಂದಿನ ಪ್ರಶ್ನೆ. ವಿಶ್ವಸಂಸ್ಥೆ 2023ನ್ನು ಸಿರಿಧಾನ್ಯಗಳ ವರ್ಷವೆಂದು ಆಚರಿಸಿತು. ನಗರಗಳಲ್ಲಿ ಮೇಳಗಳಾದವು, ಹೊಸ ಪೊಟ್ಟಣಗಳು ಬಂದವು. 2024-25ರಲ್ಲಿ ಕೇಂದ್ರ ಸರ್ಕಾರ ಘೋಷಿಸಿದ ರಾಗಿಯ ಬೆಂಬಲ ಬೆಲೆ ಕ್ವಿಂಟಲ್‌ಗೆ 4,290 ರೂಪಾಯಿ. ಕಿಲೋಗೆ 43 ರೂಪಾಯಿ ಎಂದಿಟ್ಟುಕೊಂಡರೆ, ನನ್ನ ಲೋಟಕ್ಕೆ ಬೇಕಾಗುವ 25 ಗ್ರಾಂ ರಾಗಿಗೆ ಬೆಳೆದವನಿಗೆ ಸಿಗುವುದು ಒಂದು ರೂಪಾಯಿಗಿಂತ ಸ್ವಲ್ಪ ಹೆಚ್ಚು. ಕೆಫೆಯ ಲೋಟದ ಬೆಲೆಯನ್ನು ಓದುಗರು ತಾವೇ ಪಕ್ಕದಲ್ಲಿ ಬರೆದು ನೋಡಬಹುದು. ಶತಮಾನಗಳ ಕಾಲ ಅಂಬಲಿ ಕುಡಿದದ್ದಕ್ಕೆ ತಾತ್ಸಾರ ಉಂಡವರಿಗೆ, ಅದಕ್ಕೆ ಮರ್ಯಾದೆ ಬಂದ ಕಾಲದಲ್ಲೂ ಒಂದು ರೂಪಾಯಿ ಚಿಲ್ಲರೆ. ಹೆಸರು ಬದಲಾದಾಗ ಲಾಭ ಯಾರ ಮನೆಗೆ ಹೋಗುತ್ತದೆ ಎಂದು ಕೇಳುವುದೂ ಚರಿತ್ರೆಯ ಕೆಲಸವೇ.

ಹಾಗೆಂದು ಸ್ಮೂದಿಯ ಮೇಲೆ ನನಗೆ ಜಗಳವಿಲ್ಲ. ಹೆಸರು ಬಂದಂತೆ ಬರಲಿ, ಅದರ ಹಿಂದಿನ ಹೆಸರು ಮರೆಯದಿರಲಿ ಎಂಬುದಷ್ಟೇ ನನ್ನ ಮಾತು. ರಾಗಿಯನ್ನು ಆದಷ್ಟೂ ಬೆಳೆದವರಿಂದಲೇ ಕೊಳ್ಳೋಣ, ಸೀಬೆಯನ್ನು ಸಂತೆಯ ಅಜ್ಜಿಯ ಬುಟ್ಟಿಯಿಂದ ತರೋಣ. ಮಕ್ಕಳು ಕೇಳಿದರೆ ಇದು ಅಂಬಲಿಯ ಮೊಮ್ಮಗಳು ಎಂದು ಹೇಳೋಣ. 2024ರ ಫೆಬ್ರವರಿಯಿಂದ ಕರ್ನಾಟಕದ ಸರ್ಕಾರಿ ಶಾಲೆಗಳಲ್ಲಿ ವಾರಕ್ಕೆ ಮೂರು ದಿನ ಹಾಲಿನೊಂದಿಗೆ ರಾಗಿ ಮಾಲ್ಟ್ ಕೊಡುವುದು ಆರಂಭವಾಯಿತು. ಸಾಲಿನಲ್ಲಿ ನಿಂತು ಅದನ್ನು ಕುಡಿಯುವ ಮಕ್ಕಳಲ್ಲಿ ಅನೇಕರ ಅಜ್ಜ ಅಜ್ಜಿಯರು ಅಂಬಲಿಯ ಮಡಕೆಯನ್ನು ನೆಂಟರ ಕಣ್ಣಿಗೆ ಬೀಳದಂತೆ ಒಳಗಿಟ್ಟವರು. ಈ ಮಕ್ಕಳು ಎಲ್ಲರೆದುರು ಲೋಟ ಎತ್ತಿ ಕುಡಿಯುತ್ತಾರೆ, ತುಟಿಯ ಮೇಲೆ ಮೀಸೆಯಂತೆ ಅಂಟಿದ್ದನ್ನು ಒರೆಸಿಕೊಂಡು ತರಗತಿಗೆ ಓಡುತ್ತಾರೆ.